ಕಲ್ಲಿನಿಂದ ಕೆರೆದು ತೆಗೆದ ಹೆಸರು

ಅಣ್ಣನಿಗೆ ನಮಸ್ಕಾರ.

ಯಾರ ಜೀವನ ಬರೆಯಲು ಇಷ್ಟು ದೂರ ಬಂದೆನೋ, ರೋಮಿನ ಆ ದೊಡ್ಡ ಮನೆತನದ ಹೆಂಗಸಿನ ಹೆಸರು ಇವತ್ತು ಸಿಕ್ಕಿತು. ರಾಜದ್ರೋಹಿ ಎನಿಸಿಕೊಂಡ ಗಂಡನನ್ನು ಬಿಡಲಿಲ್ಲವೆಂದು ಒಡಹುಟ್ಟಿದವರೇ ತಾಯಿಯ ಸಮಾಧಿಕಲ್ಲಿನಿಂದ ಅವಳ ಹೆಸರನ್ನು ಉಳಿಯಲ್ಲಿ ಕೆರೆಸಿ ತೆಗೆಸಿದ್ದರು. ಮ್ಯೂಸಿಯಂನ ಉಗ್ರಾಣದಲ್ಲಿ ಆ ಕಲ್ಲಿಗೆ ಒದ್ದೆ ಕಾಗದ ಹೊದಿಸಿ, ಬ್ರಷ್‌ನಿಂದ ಬಡಿದು, ಒಣಗಿದ ಮೇಲೆ ಬಿಡಿಸಿ ದೀಪಕ್ಕೆ ಓರೆಯಾಗಿ ಹಿಡಿದೆ. ಮಸುಕಾಗಿ ಅಕ್ಷರಗಳು ಎದ್ದು ಬಂದವು. ಅತ್ತುಬಿಟ್ಟೆ.

"ಸತ್ತು ಎರಡು ಸಾವಿರ ವರ್ಷ ಆಯ್ತಲ್ಲಮ್ಮಾ, ನಿಮಗೇನಾಗ್ಬೇಕು ಇವಳು?" ಎಂದು ಕಾವಲಿನವನು ನಕ್ಕ.

"ತಂಗಿ ಅಂತಿಟ್ಕೊಳ್ಳಿ" ಎಂದೆ.

ಅಮ್ಮನ ಸಮಾಧಿಯ ಕಲ್ಲಿಗೆ ನಮ್ಮಿಬ್ಬರ ಹೆಸರೇ ಸಾಕು ಎಂದು ಬರೆದಿದ್ದೀಯ. ನಮ್ಮ ಚಿಕ್ಕವಳು ತನಗೆ ಬೇಕಾದವನನ್ನು ಮದುವೆಯಾದಳು, ಹೋದ ವರ್ಷ ತೀರಿಕೊಂಡಳು. ಅಷ್ಟಕ್ಕೇ ಅವಳು ಅಮ್ಮನ ಮಗಳಲ್ಲವೇ? ಮೂರು ಹೆಸರನ್ನೂ ಹಾಕಿಸು. ಆಗದಿದ್ದರೆ ನನ್ನದನ್ನೂ ಬಿಡು. ಬೇಕೆಂದೇ ಕಾರ್ಡಿನಲ್ಲಿ ಬರೆದಿದ್ದೇನೆ, ಅಂಚೆಯವನೂ ಓದಲಿ.

ಮಂಡಿನೋವು ತಗ್ಗಿದೆ, ಮಾತ್ರೆಗಳು ಇನ್ನೂ ಇವೆ. ಅಂಚೆಪೆಟ್ಟಿಗೆ ತೆಗೆಯುವ ಹೊತ್ತಾಯಿತು.

ನಿನ್ನ ಇಬ್ಬರು ತಂಗಿಯರಲ್ಲಿ ದೊಡ್ಡವಳು