ಡಾಕ್ಟರಮ್ಮ ಊಟಕ್ಕೆ ಬರಲಿಲ್ಲ

ಹಾನುಬಾಳು
೧೨-೮-೨೦೦೨

ಆಲೂರಿನಲ್ಲಿರುವ ಅಕ್ಕ ಗುರುಶಾಂತಮ್ಮನಿಗೆ ತಂಗಿ ಜಗದಾಂಬಳ ನಮಸ್ಕಾರ. ಭಾವನ ಮಂಡಿನೋವು ಈಗ ಹೇಗಿದೆ?

ನಾನು ಹಾಸನಕ್ಕೆ ಯಾಕೆ ಹೋಗುತ್ತೇನೆ ಎಂದು ಕೇಳಿದ್ದೀಯ. ರಕ್ತ ಕಡಿಮೆ ಎಂದು ಯಜಮಾನರು ಹೇಳಿದ್ದು ಸುಳ್ಳು. ನಾನು ತೋರಿಸಿಕೊಳ್ಳುತ್ತಿರುವುದು ಮನಸ್ಸಿನ ಕಾಯಿಲೆಯ ಡಾಕ್ಟರಿಗೆ. ಶಾಲಿನಿ ಎಂದು ಹೆಸರು. ತೊಟ್ಟಿಲಿಗೆ ಹಾಕುವ ಮೊದಲೇ ಮಗು ಹೋಯಿತಲ್ಲ, ಆಮೇಲೆ ನನಗೆ ನಿದ್ದೆಯಿಲ್ಲ. ಒಲೆ ಮುಂದೆ ಕೂತರೆ ಅನ್ನ ಸೀದರೂ ಏಳುತ್ತಿರಲಿಲ್ಲ. ಕಣ್ಣಲ್ಲಿ ಒಂದು ಹನಿ ನೀರಿಲ್ಲ. "ಜಗದಾಂಬ ಗಟ್ಟಿಗಿತ್ತಿ ಕಣ್ರೀ" ಎಂದು ಅಕ್ಕಪಕ್ಕದವರು ಹೊಗಳಿದರು. ಯಜಮಾನರೊಬ್ಬರೇ ಹೆದರಿ, ಸಕಲೇಶಪುರದಲ್ಲಿ ಬಸ್ ಬದಲಿಸಿ ಕರೆದುಕೊಂಡು ಹೋದರು.

ಮಾತ್ರೆಯಿಂದ ನಿದ್ದೆ ಬಂತು. ನಾನು ಹೋದಾಗಲೆಲ್ಲ ಡಾಕ್ಟರಮ್ಮ ಕೂರಿಸಿಕೊಂಡು ಮಾತಾಡಿಸುತ್ತಿದ್ದರು. ಮಗುವಿನ ಹೆಸರು ಕೇಳಿದವರು ಅವರೊಬ್ಬರೇ. ಇಟ್ಟಿರಲಿಲ್ಲ, ಮನಸ್ಸಿನಲ್ಲಿ ಪೂಜಿತಾ ಎಂದುಕೊಂಡಿದ್ದೆ ಎಂದೆ. ಆಮೇಲೆ ಅವರೂ ಮಗುವನ್ನು ಪೂಜಿತಾ ಎಂದೇ ಕರೆದರು.

ನನಗವರು ಒಡಹುಟ್ಟಿದವರಂತಾದರು. ಯುಗಾದಿ ಕಳೆದ ಮೇಲೆ ಊಟಕ್ಕೆ ಕರೆದೆ. "ಬರೋದಿಲ್ಲ ಜಗದಾಂಬ. ನಾನು ನೆಂಟಳಾದ್ರೆ, ನನಗೆ ನೋವಾಗುತ್ತೇನೋ ಅಂತ ನೀವು ಮಾತು ನುಂಗ್ತೀರ" ಎಂದರು.

ಮೈ ಉರಿದುಹೋಯಿತು. "ಬರೀ ರೋಗಿ ಅಂದ್ಮೇಲೆ ನನ್ ಕೂಸಿನ ಹೆಸ್ರು ಯಾಕ್ ಕೇಳಿದ್ರಿ? ನೀವೂ ಎಲ್ಲಾರಂಗೇ ಕಣ್ರೀ!" ಎಂದು ಕಿರುಚಿಬಿಟ್ಟೆ. ಗಾಬರಿಯಾಗಿ ಬಾಗಿಲು ತೆಗೆದ ಯಜಮಾನರನ್ನು ಡಾಕ್ಟರಮ್ಮ ಕೈಸನ್ನೆಯಲ್ಲೇ ಹೊರಗಿರಿಸಿ, "ಇನ್ನೂ ಇದೆ, ಹೇಳಿ" ಎಂದರು. ಬೈಯುತ್ತ ಬೈಯುತ್ತ ಅಳು ನುಗ್ಗಿಬಂತು. ಅವರು ಸಮಾಧಾನ ಮಾಡಲಿಲ್ಲ, ಎದ್ದೂ ಹೋಗಲಿಲ್ಲ. ಅತ್ತು ಮುಗಿದ ಮೇಲೆ, "ಇಷ್ಟೆಲ್ಲ ಸಿಟ್ಟು ನನ್ನ ಮೇಲೇನಾ?" ಎಂದು ಕೇಳಿದರು.

ನಾನು ಎದ್ದು ಬಂದುಬಿಟ್ಟೆ. ಕೆಲವು ವಾರ ಅತ್ತ ತಲೆ ಹಾಕಲಿಲ್ಲ. ಆಮೇಲೆ ನಾನಾಗಿಯೇ ಹೋದೆ. ಬೈದವಳೆಂದು ಮುಖ ತಿರುಗಿಸಲಿಲ್ಲ, ಕುರ್ಚಿ ತೋರಿಸಿದರು. ಸಿಟ್ಟು ಯಾರ ಮೇಲೆಂದು ಹೇಳಿದೆ. ಅದನ್ನು ಅವರಿಗೇ ಹೇಳಬಹುದಲ್ಲ ಎಂದರು.

ಈಗ ಊಟ, ನಿದ್ದೆ ಸರಿಯಾಗಿದೆ. ಮಾತ್ರೆ ಅರ್ಧಕ್ಕೆ ಇಳಿಸಿದ್ದಾರೆ. ಕಾಗದ ಬರೆ.

ನಿನ್ನ
ಜಗದಾಂಬ

ತಾ.ಕ.: ಆ ಸಿಟ್ಟು ನಿನ್ನ ಮೇಲೆ, ಅಕ್ಕ. ಮಣ್ಣು ಮಾಡಿ ಬಂದ ದಿನ ನನ್ನ ತಲೆ ಸವರುತ್ತ, "ಹೆಣ್ ಕೂಸು ತಾನೆ, ಹೋಗ್ಲಿ ಬುಡು" ಎಂದೆಯಲ್ಲ, ಆ ಮಾತಿಗೆ. ಗೌರಿಹಬ್ಬಕ್ಕೆ ಬಾ. ಬಂದರೆ ಬೈಯುತ್ತೇನೆ. ಬಾರದೆ ಇರಬೇಡ.