ಗೊಗ್ಗರು ದನಿಯ ದುರಸ್ತಿ

ಚಲನಚಿತ್ರ ಭಂಡಾರದ ಮುಖ್ಯಸ್ಥರೇ,

ನನ್ನ ಅಕ್ಕ ನಾಯಕಿಯಾಗಿರುವ ಹಳೆಯ ಸಿನಿಮಾವನ್ನು ದುರಸ್ತಿ ಮಾಡುತ್ತಿರುವ ನಿಮ್ಮ ಸಂಸ್ಥೆ, ಅವಳ ಮಾತುಗಳನ್ನು ಅಳಿಸಿ ಬೇರೆಯವರಿಂದ ಹೊಸದಾಗಿ ಆಡಿಸಲು ತೀರ್ಮಾನಿಸಿದೆ. ಇದನ್ನು ನಮಗೆ ತಿಳಿಸಿದವರು ನೀವಲ್ಲ, ಆ ಕೆಲಸಕ್ಕೆ ನೀವು ಕರೆದ ಕಂಠದಾನ ಕಲಾವಿದೆ. "ಅಕ್ಕಾ, ಇದೊಂದರಲ್ಲಿ ನೀವೇ ಮಾತಾಡಿದ್ರಲ್ವಾ? ಇದಕ್ಕೂ ನನ್ನನ್ನೇ ಕರೀತಿದಾರಲ್ಲ!" ಎಂದು ಅವರು ಅಕ್ಕನಿಗೇ ಫೋನ್ ಮಾಡಿ ಪೇಚಾಡಿಕೊಂಡರು.

ಕಾರಣವೇನೆಂದು ನಿಮ್ಮ ಧ್ವನಿ ತಜ್ಞರನ್ನು ಕೇಳಿದೆ. ನಾಯಕಿ ಬಾಯಿ ತೆರೆದಾಗಲೆಲ್ಲ ಗೊರಗೊರ ಶಬ್ದ ಬರುತ್ತದೆ, ಫಿಲಂ ಸವೆದಿದೆ ಎಂದರು. ಸ್ವಾಮಿ, ನಾಯಕ ಮಾತಾಡುವಾಗ ಸವೆಯದ ಫಿಲಂ, ಬಾಗಿಲು ಕಿರುಗುಟ್ಟುವಾಗ ಸವೆಯದ ಫಿಲಂ, ಅಕ್ಕ ಮಾತಾಡಿದ ಕಡೆ ಮಾತ್ರ ಹುಡುಕಿಕೊಂಡು ಹೋಗಿ ಸವೆಯಿತೇ? ಇಷ್ಟು ಶಿಸ್ತಿನ ಸವೆತವನ್ನು ನೀವು ಬೇರೆಲ್ಲಾದರೂ ಕಂಡಿದ್ದೀರಾ? ಆ ಗೊರಗೊರವೇ ಅವಳ ದನಿ.

ಅಕ್ಕನದು ಹುಟ್ಟಿನಿಂದಲೇ ಗೊಗ್ಗರು ಗಂಟಲು. ದೊಡ್ಡ ನಿರ್ಮಾಪಕರು ಅವಳ ಮುಖ ಇಟ್ಟುಕೊಂಡು ದನಿಯನ್ನು ಹೊರಗಿಟ್ಟರು. ಅತ್ತಿಗೆ, ನರ್ಸು, ಪಕ್ಕದ ಮನೆಯಾಕೆ, ಯಾವ ಪಾತ್ರವಾದರೂ ಮಾತು ಈ ಕಲಾವಿದೆಯದೇ. ಒಮ್ಮೆ ಥಿಯೇಟರಿನಲ್ಲಿ ಅಮ್ಮ, "ಮುಖ ನಮ್ಮವಳದ್ದೇ, ಮಾತಾಡ್ತಿರೋದು ಯಾರೇ?" ಎಂದು ಗಟ್ಟಿಯಾಗಿ ಕೇಳಿ ಮುಂದಿನ ಸಾಲಿನವರನ್ನೆಲ್ಲ ನಗಿಸಿದ್ದಳು. ಅಕ್ಕ ನಗಲಿಲ್ಲ. ಸ್ನೇಹಿತರೇ ಸೇರಿ ತೆಗೆದ ಈ ಸಣ್ಣ ಚಿತ್ರದ ನಿರ್ದೇಶಕಿ ಮಾತ್ರ, "ಬಟ್ಟೆ ಅಂಗಡಿ ಮುಂದೆ ದಿನವಿಡೀ ಗಿರಾಕಿಗಳನ್ನ ಕೂಗಿ ಕರೆಯೋ ಹೆಂಗಸಿಗೆ ಇದೇ ದನಿ ಬೇಕು" ಎಂದು ಚಿತ್ರೀಕರಣದ ಜಾಗದಲ್ಲೇ ಅವಳ ಮಾತು ಮುದ್ರಿಸಿಕೊಂಡರು. ಅವರು ಈಗಿಲ್ಲ. ಚಿತ್ರ ಬಂದದ್ದೂ ಹೋದದ್ದೂ ಯಾರಿಗೂ ಗೊತ್ತಾಗಲಿಲ್ಲ. ಉಳಿದಿರುವ ಒಂದೇ ಪ್ರತಿ ನಿಮ್ಮಲ್ಲಿದೆ. ಹೊಸತು ತಯಾರಾದ ಮೇಲೆ ಹಳೆಯದನ್ನು ವಿಲೇವಾರಿ ಮಾಡುವುದು ನಿಮ್ಮ ಪದ್ಧತಿಯಂತೆ.

ಅಕ್ಕ ನಿಮ್ಮ ಕಚೇರಿಗೆ ಫೋನ್ ಮಾಡಿದಳು. "ಲೈನ್ ಸರಿಯಿಲ್ಲ ಮೇಡಂ, ಬರೀ ಗೊರಗೊರ" ಎಂದರು ನಿಮ್ಮವರು. "ಲೈನ್ ಚೆನ್ನಾಗೇ ಇದೆ ಕಣಪ್ಪಾ, ನಾನೇ ಹೀಗೆ" ಎಂದಳು. ಅವರು ಫೋನ್ ಇಟ್ಟೇಬಿಟ್ಟರು. "ಬಿಡೇ, ನಂಗೆ ರೂಢಿಯಾಗಿದೆ" ಎನ್ನುತ್ತಾಳೆ ಅಕ್ಕ. ನನಗೆ ಆಗಿಲ್ಲ.

ನಾನು ಕೇಳುವುದು ಇಷ್ಟೇ. ಅಳಿಸುವ ಮುನ್ನ ಅವಳನ್ನು ಎದುರು ಕೂರಿಸಿಕೊಂಡು ಮಾತಾಡಿಸಿ, ಆಮೇಲೆ ಚಿತ್ರ ಹಾಕಿ ಕೇಳಿ. ಎರಡೂ ಒಂದೇ ಎನ್ನಿಸಿದರೆ ಆ ದನಿಯನ್ನು ಅದರ ಪಾಡಿಗೆ ಬಿಡಿ. ಕಂಠದಾನ ಕಲಾವಿದೆ ತಾವು ಬರುವುದಿಲ್ಲ ಎಂದಿದ್ದಾರೆ. ನೀವು ಬೇರೊಬ್ಬರನ್ನು ಗೊತ್ತುಮಾಡಿದ್ದೀರಂತೆ. ಹೊಸ ದನಿಯ ಮುದ್ರಣ ಸೋಮವಾರ ಬೆಳಿಗ್ಗೆ ಹತ್ತಕ್ಕೆ. ಒಂಬತ್ತೂವರೆಗೆ ಅಕ್ಕನೂ ನಾನೂ ನಿಮ್ಮ ಬಾಗಿಲಲ್ಲಿರುತ್ತೇವೆ.

ಇಂತಿ,
ಸವೆತವೆಂದು ನಿಮ್ಮಲ್ಲಿ ದಾಖಲಾದವಳ ತಂಗಿ