ಕೋರ್ಟಿನ ಸೊಸೆ

ಬನಹಟ್ಟಿ
14 ಜುಲೈ 2025

ಪ್ರೀತಿಯ ಅವ್ವನಿಗೆ,

ನಿನ್ನ ಮಗಳು ರಾಜಶ್ರೀಯ ಶರಣಾರ್ಥಿ. ಆರಾಮ ಇದ್ದೇನೆ ಎಂದು ಬರೆದರೆ ನೀನು ನಂಬುವುದಿಲ್ಲ. ಆದರೂ ಪತ್ರ ಹಾಗೇ ಶುರುವಾಗಬೇಕಲ್ಲ, ಆರಾಮ ಇದ್ದೇನೆ.

ನಿನ್ನ ಪತ್ರ ಶನಿವಾರ ಕೈ ಸೇರಿತು. ಫೋನಿನಲ್ಲಿ ಹೇಳದೆ ಬರೆದದ್ದು ಒಳ್ಳೆಯದಾಯಿತು. ಸಾವಳಗಿಯ ನಮ್ಮ ಮನೆಯ ಫೋನು ಮೊದಲು ಐಶ್ವರ್ಯ ವೈನಿಯ ಕೈಗೆ ಹೋಗುತ್ತದೆ, ಅಲ್ಲಿಂದ ಅರ್ಧ ಗಂಟೆಯೊಳಗೆ ಇಲ್ಲಿ ನನ್ನ ಅತ್ತೆಯ ಕಿವಿಗೆ. ಅಣ್ಣನ ಹೆಂಡತಿಯಾದರೂ ಅವಳು ಈ ಮನೆಯ ಮಗಳಲ್ಲವೇ. ನನ್ನನ್ನು ಇಲ್ಲಿಗೆ ಕೊಟ್ಟು ಅವಳನ್ನು ಅಲ್ಲಿಗೆ ತಂದುಕೊಂಡಾಗ, ಎರಡು ಮನೆ ಒಂದಾದವು ಎಂದು ಓಣಿಯ ತುಂಬ ಹೇಳಿಕೊಂಡು ಬಂದಿದ್ದೆ ನೀನು.

ಪಂಚಮಿಗೆ ಪರಮಾನಂದ ಅಣ್ಣನನ್ನು ಕಳಿಸುತ್ತೇನೆ, ಅವನ ಜೊತೆ ಬಂದುಬಿಡು, ಈ ಮನೆಯ ಹಕ್ಕು ಬಿಟ್ಟೆನೆಂಬ ರಾಜಿ ಕಾಗದಕ್ಕೆ ಸಹಿ ಹಾಕಿ ಇಲ್ಲೇ ಇರು ಎಂದು ಬರೆದಿದ್ದೀ. ನಾನು ಬರುವುದಿಲ್ಲ. ಸಿಟ್ಟಿನಿಂದ ಹೇಳುತ್ತಿಲ್ಲ. ಸಿಟ್ಟು ಬಂದರೆ ಚೆನ್ನಾಗಿರುತ್ತಿತ್ತು ಎಂದು ಒಮ್ಮೊಮ್ಮೆ ಅನ್ನಿಸುತ್ತದೆ. ಹಬ್ಬಕ್ಕೆಂದು ಹೊಸ್ತಿಲು ದಾಟಿದ ಹೆಂಗಸಿನ ಹಿಂದೆ ಕೀಲಿ ಬದಲಾಗುತ್ತದೆ. ಅದನ್ನು ಒಮ್ಮೆ ನೋಡಿದ್ದೇನೆ, ಸಾಕು.

ಇಲ್ಲಿಗೆ ತಿರುಗಿ ಬಂದ ದಿನದ ಸುದ್ದಿ ನಿನಗೆ ಬರೆದಿರಲಿಲ್ಲ. ಮಹಿಳಾ ಇಲಾಖೆಯ ಸಂರಕ್ಷಣಾಧಿಕಾರಿ ಬಾಯಾರು, ಇಬ್ಬರು ಪೊಲೀಸರು, ನಾನು, ನನ್ನ ಟ್ರಂಕು. ಅತ್ತೆ ಮುತ್ತವ್ವ ಬಾಗಿಲಲ್ಲೇ ನಿಂತಿದ್ದಳು. ಬಾಯಾರು ಜಮಖಂಡಿ ಕೋರ್ಟಿನ ಆದೇಶ ಓದಿದರು: ಮನೆ ಅತ್ತೆಯ ಹೆಸರಿನಲ್ಲಿದ್ದರೂ ಸೊಸೆ ಅಲ್ಲಿ ಸಂಸಾರ ಮಾಡಿದವಳು, ಅವಳನ್ನು ಹೊರಗೆ ಹಾಕುವ ಹಾಗಿಲ್ಲ, ಪಡಸಾಲೆಯ ಪಕ್ಕದ ಕೋಣೆ, ಅಡುಗೆಮನೆ, ಬಚ್ಚಲು ಅವಳಿಗೆ ಮುಕ್ತವಾಗಿರಬೇಕು. ಬಚ್ಚಲು ಎಂಬ ಮಾತು ಬಂದಾಗ ಒಬ್ಬ ಪೊಲೀಸ ನಕ್ಕ. ಅತ್ತೆ ದಾರಿ ಬಿಟ್ಟಳು. ಎದುರು ಮನೆಯ ರತ್ನಾಬಾಯಿಗೆ ಕೇಳುವ ಹಾಗೆ, "ನೋಡ್ರಿ, ನಮ್ಮ ಮನಿಗಿ ಕೋರ್ಟಿನ ಸೊಸಿ ಬಂದಾಳ. ಆರತಿ ತರ್ರಿ ಯಾರರೆ" ಅಂದಳು. ನಾನು ಬಲಗಾಲಿಟ್ಟೇ ಒಳಗೆ ಬಂದೆ. ರೂಢಿ, ಏನು ಮಾಡಲಿ.

ಅಂದಿನಿಂದ ನನ್ನ ಜೊತೆ ಯಾರೂ ಮಾತಾಡಿಲ್ಲ. ಹೊಡೆಯುವುದಿಲ್ಲ, ಬಯ್ಯುವುದಿಲ್ಲ, ಆದೇಶದಲ್ಲಿ ಅದೂ ಇದೆ. ಮಾತಾಡಬೇಕು ಎಂದು ಮಾತ್ರ ಬರೆದಿಲ್ಲ. ಅತ್ತೆಯ ಅಡುಗೆ ಮುಗಿದ ಮೇಲೆ ನಾನು ಒಲೆ ಹಚ್ಚುತ್ತೇನೆ. ಮೊದಲು ಹಿಂದಿನ ಶೆಡ್ಡಿನ ನಾಲ್ಕೂ ಮಗ್ಗಗಳಿಗೆ ನಾನೇ ನೂಲಿನ ಕಂಡಿಕೆ ಸುತ್ತುತ್ತಿದ್ದೆ. ಈಗ ಅದಕ್ಕೆ ಬೇರೆ ಹೆಣ್ಣುಮಗಳು ಬರುತ್ತಾಳೆ. ನನ್ನ ಕೈಗೆ ನೂಲು ಸಿಗದ ಹಾಗೆ ಶೆಡ್ಡಿಗೆ ಬೀಗ. ಇಡೀ ದಿನ ಮಗ್ಗದ ಸದ್ದು ಕೇಳುತ್ತಾ ಸುಮ್ಮನೆ ಕೂತಿರುತ್ತೇನೆ. ಗಂಡ ಯಲ್ಲಾಲಿಂಗ ಮುಧೋಳದಲ್ಲಿ ಆ ಹೆಂಗಸಿನ ಜೊತೆಗೇ ಇದ್ದಾರೆ. ಸೋಮವಾರ ಮಗ್ಗ ನೋಡಲು ಬರುತ್ತಾರೆ. ನನ್ನ ಕೋಣೆಯ ಮುಂದೆ ಹಾಯುವಾಗ ಚಪ್ಪಲಿ ಸದ್ದು ಸ್ವಲ್ಪ ಜೋರಾಗುತ್ತದೆ, ಅಷ್ಟೇ.

ಮತ್ತೇಕೆ ಅಲ್ಲಿರುತ್ತೀ ಎಂದು ಕೇಳಿದ್ದೀ. ನನಗೆ ಅವರು ಬೇಕಾಗಿಲ್ಲ ಅವ್ವ. ಮನೆ ಬೇಕು. ಹನ್ನೊಂದು ವರ್ಷ ಈ ನೆಲ ಸಾರಿಸಿದವಳು ನಾನು. ಈ ಕೋಣೆ ಹೋದರೆ ಈ ಭೂಮಿಯ ಮೇಲೆ ನನ್ನದು ಎಂದು ಬಾಗಿಲು ಹಾಕಿಕೊಳ್ಳಲು ಇನ್ನೊಂದು ಜಾಗವಿಲ್ಲ. ನಿಮ್ಮ ಮನೆಯಲ್ಲಿ ನನ್ನ ಹಾಸಿಗೆ ಯಾವ ಮೂಲೆಗೆ ಬಂದಿತ್ತು ಎಂಬುದು ನಿನಗೂ ಗೊತ್ತು.

ಎರಡು ವರ್ಷದ ಹಿಂದಿನ ಪಂಚಮಿಗೆ ಅಣ್ಣ ಕರೆಯಲು ಬಂದಾಗ ನಾನೇ ಖುಷಿಯಿಂದ ಹೊರಟಿದ್ದೆ. ಉಂಡಿ ತಿಂದು ಎಂಟು ದಿನಕ್ಕೆ ತಿರುಗಬೇಕಿತ್ತು. ಇವರು ಕರೆಯಲು ಬರಲಿಲ್ಲ. ಹೋಗಿಬಿಡಲೇ ಎಂದು ನಾನು ಕೇಳಿದಾಗಲೆಲ್ಲ ನೀನು, "ಅವರ ಬಂದು ಕರಕೊಂಡು ಹೋಗಲಿ ಬೇ, ತಾನಾಗೆ ಹೋಗಿ ನಿಂತರ ಕಿಮ್ಮತ್ತ ಇರೂದಿಲ್ಲ" ಅನ್ನುತ್ತಿದ್ದೆ. ನನಗೂ ಅದೇ ಸರಿ ಅನ್ನಿಸಿತ್ತು. ಹೆಣ್ಣು ಕರೆಯಿಸಿಕೊಂಡೇ ಹೋಗುವುದು ನಮ್ಮಲ್ಲಿಯ ರೀತಿ. ದಸರೆ ಹೋಯಿತು, ದೀಪಾವಳಿ ಹೋಯಿತು. ಕೊನೆಗೆ ನಾನೊಬ್ಬಳೇ ಬಸ್ಸು ಹತ್ತಿ ಬಂದರೆ ಬಾಗಿಲಿಗೆ ಹೊಸ ಕೀಲಿ. ಕೋರ್ಟಿನಲ್ಲಿ ಅವರ ವಕೀಲರು ನಮ್ಮ ಆ ಕಾಯುವಿಕೆಯನ್ನೇ ಎಣಿಸಿ, ಮೂರು ತಿಂಗಳು ಹೊರಗಿದ್ದಾಳೆ, ತಾನೇ ಮನೆ ಬಿಟ್ಟವಳು ಎಂದರು. ಅದಕ್ಕೊಂದು ಕಾಗದವನ್ನೂ ತೋರಿಸಿದರು. ಆ ವಿಷಯ ಈಗ ಬೇಡ.

ನಾನು ಇಲ್ಲೇ ಕೂತರೆ ಅತ್ತೆ ತನ್ನ ಮಗಳನ್ನು ತಿರುಗಿ ಕರೆಸಿಕೊಳ್ಳುತ್ತಾಳೆ, ಅಣ್ಣನ ಸಂಸಾರ ಮುರಿಯುತ್ತದೆ ಎಂದು ಅತ್ತು ಬರೆದಿದ್ದೀ. ಅಕ್ಷರ ಅಳಿಸಿದ್ದು ಕಂಡಿತು. ವೈನಿಗೆ ನನ್ನ ಮಾತಾಗಿ ಇಷ್ಟು ಹೇಳು: ಈ ಕಾಯ್ದೆ ನನಗೊಬ್ಬಳಿಗೇ ಮಾಡಿದ್ದಲ್ಲ. ಅವಳು ಆ ಮನೆಯಲ್ಲಿ ಇರುತ್ತೇನೆ ಎಂದರೆ ಅಣ್ಣನಾಗಲಿ ನೀನಾಗಲಿ ಅವಳನ್ನು ಹೊರಗೆ ಹಾಕುವ ಹಾಗಿಲ್ಲ. ಹೋಗು ಬಾ ಎಂದು ನಮ್ಮಿಬ್ಬರನ್ನು ಎತ್ತಿಡಲು ನಾವು ಸಾಮಾನಲ್ಲ. ಅವಳ ಮೇಲೆ ನನಗೆ ಕೋಪವಿಲ್ಲ.

ಅಣ್ಣನನ್ನು ಕಳಿಸಬೇಡ. ಬಂದರೆ ಚಹಾ ಕುಡಿಸಿ ಕಳಿಸುತ್ತೇನೆ. ನಿನ್ನ ಮಂಡಿನೋವಿಗೆ ಎಣ್ಣೆ ತಪ್ಪಿಸಬೇಡ.

ನಿನ್ನ ಮಗಳು,
ರಾಜಶ್ರೀ

ತಾ.ಕ.: ಬರೆಯಬಾರದು ಎಂದುಕೊಂಡಿದ್ದೆ. ಅವರ ವಕೀಲರು ತೋರಿಸಿದ ಆ ಕಾಗದದಲ್ಲಿ, ನಮ್ಮ ಮಗಳು ತನ್ನ ಇಷ್ಟದಿಂದ ಗಂಡನ ಮನೆ ಬಿಟ್ಟು ಬಂದಿದ್ದಾಳೆ, ತಿರುಗಿ ಹೋಗುವುದಿಲ್ಲ ಎಂದಿತ್ತು. ಬರೆದದ್ದು ಅಣ್ಣ, ಕೆಳಗೆ ಸಿದ್ದಕ್ಕ ಎಂದು ನಿನ್ನ ಸಹಿ. ತಾರೀಖು ದೀಪಾವಳಿಯ ಹಿಂದಿನ ವಾರದ್ದು. ಆಗ ನಾವಿಬ್ಬರೂ ಒಂದೇ ಒಲೆಯ ಮುಂದೆ ಕೂತು ಅವರು ಬರುತ್ತಾರೆಂದು ಕಾಯುತ್ತಿದ್ದೆವು. ಇದು ನಿಮ್ಮ ತಾಯಿಯ ಸಹಿಯೇ ಎಂದು ನ್ಯಾಯಾಧೀಶರು ಕೇಳಿದರು. ಅಲ್ಲ ಎಂದೆ. ಆದೇಶವಾದ ಮೇಲೆ ನನ್ನ ವಕೀಲರು ಅನುರಾಧಾ ಮೇಡಂ, ಆ ಸಹಿ ಯಾರದಿದ್ದರೂ ನಿನ್ನ ಹಕ್ಕು ಹೋಗುತ್ತಿರಲಿಲ್ಲ ಎಂದರು. ನಾನು ಹಕ್ಕಿನ ಸಲುವಾಗಿ ಹೇಳಿರಲಿಲ್ಲ. ಈಗ ಅತ್ತೆಯ ಕಡೆಯವರು ಮೇಲ್ಮನವಿ ಹಾಕಿದ್ದಾರೆ, ನಿನ್ನನ್ನೂ ಕರೆಸಬಹುದು. ಕೇಳಿದರೆ ನೀನೂ ಅಲ್ಲ ಎಂದೇ ಹೇಳು.